ಪ್ರೇತ ಹುಡುಕುವ ಮೀಟರು ಮತ್ತು ಕರಾವಳಿ ಮನೆಗಳ ವಯರಿಂಗು

ಕೆಲವು ವರ್ಷಗಳಿಂದ ಮಂಗಳೂರು, ಉಡುಪಿ ಆಸುಪಾಸಿನ ಹಳೆಯ ಮನೆಗಳಿಗೆ ವಿದ್ಯುತ್ ಸುರಕ್ಷತೆಯ ತಪಾಸಣೆಗೆಂದು ಹೋದಾಗ, ವಯರಿಂಗಿನ ಮಾತು ಮುಗಿಯುವ ಮೊದಲೇ ಮನೆಯ ಹುಡುಗರು ಆನ್‌ಲೈನಿನಲ್ಲಿ ತರಿಸಿಕೊಂಡ ಪುಟ್ಟ ಮೀಟರೊಂದನ್ನು ಮುಂದೆ ಹಿಡಿದು, ಉಪ್ಪರಿಗೆಯ ಮೆಟ್ಟಿಲ ಹತ್ತಿರ ಮಾತ್ರ ಇದರ ದೀಪಗಳು ಏರುವುದೇಕೆ ಎಂದು ಕೇಳುವುದುಂಟು. ಐದು ದೀಪಗಳ ಆ ಮೀಟರಿಗೆ ಕೆ-2 ಎಂದು ಹೆಸರು. ಅದು ಅವರಿಗೆ ಪರಿಚಯವಾದದ್ದು ಟಿವಿಯಲ್ಲಿ, ಪಾಳುಮನೆಗಳನ್ನು ಹೊಕ್ಕು ರಾತ್ರಿ ಕಳೆಯುವ ಅತೀಂದ್ರಿಯ ತನಿಖೆಗಾರರ ಕೈಯಲ್ಲಿ. ಆ ತನಿಖೆಗಾರರ ಬದುಕು ಮತ್ತು ವೃತ್ತಿಯ ಬಗ್ಗೆ ವಿದ್ಯುತ್ ಎಂಜಿನಿಯರನೊಬ್ಬ ಬರೆಯುವುದಕ್ಕೆ ಕಾರಣವಿದೆ. ಮನೆಯೊಳಗೆ ಉಪಕರಣ ಹಿಡಿದು ನಡೆದು, ಏರಿಳಿತಗಳನ್ನು ಗುರುತಿಸಿ, ಅವುಗಳ ಕಾರಣ ಹುಡುಕುವುದು ಅವರ ಕೆಲಸವೂ ಹೌದು, ನನ್ನ ಕೆಲಸವೂ ಹೌದು. ಆದರೆ ಅಳತೆ ಮಾಡುವವನಿಗೆ ಅತ್ಯಗತ್ಯವಾದ ಭಾಗವನ್ನೇ ಟಿವಿ ಕತ್ತರಿಸಿ ಎಸೆಯುತ್ತದೆ, ಮತ್ತು ಹಾಗೆ ಎಸೆದ ಭಾಗದಲ್ಲಿ ಮನೆಯವರ ಜೀವಕ್ಕೆ ಸಂಬಂಧಿಸಿದ ಸಂಗತಿಯೂ ಇರಬಹುದು ಎಂಬುದು ನನ್ನ ಆತಂಕ.

ಈ ವೃತ್ತಿ ಟಿವಿಗಿಂತ ಹಳೆಯದು. ಲಂಡನ್ನಿನಲ್ಲಿ 1881ರಲ್ಲಿ ಹುಟ್ಟಿದ ಹ್ಯಾರಿ ಪ್ರೈಸ್ ಪ್ರೇತಶೋಧನೆಯನ್ನು ಪ್ರಸಾರ ಮಾಧ್ಯಮಕ್ಕೆ ತಂದ ಮೊದಲಿಗರಲ್ಲಿ ಒಬ್ಬರು. 1936ರ ಮಾರ್ಚ್ 10ರಂದು ಅವರು ಕೆಂಟ್ ಪ್ರಾಂತ್ಯದ ಮನೆಯೊಂದರಿಂದ ಬಿಬಿಸಿ ರೇಡಿಯೋದಲ್ಲಿ ನೇರ ಪ್ರಸಾರ ನಡೆಸಿದರು. ಅಳತೆಯ ಟೇಪು, ಥರ್ಮಾಮೀಟರು, ಕ್ಯಾಮೆರಾ, ಬಾಗಿಲು ಕಿಟಕಿಗಳಿಗೆ ಮೊಹರು ಹಾಕುವ ಸಾಮಗ್ರಿ, ಸದ್ದಾಗದಂತೆ ನಡೆಯಲು ಮೆತ್ತನೆಯ ಪಾದರಕ್ಷೆ ಇವೆಲ್ಲ ಅವರ ಪೆಟ್ಟಿಗೆಯಲ್ಲಿದ್ದವು. ಮರುವರ್ಷ ಅವರು ಬೋರ್ಲಿ ಎಂಬಲ್ಲಿದ್ದ ಪಾದ್ರಿಗಳ ನಿವಾಸವನ್ನು ಒಂದು ವರ್ಷಕ್ಕೆ ಬಾಡಿಗೆಗೆ ಹಿಡಿದು, ಪತ್ರಿಕೆಯಲ್ಲಿ ಜಾಹೀರಾತು ಕೊಟ್ಟು 48 ವೀಕ್ಷಕರನ್ನು ಸೇರಿಸಿ, ಏನನ್ನು ಹೇಗೆ ದಾಖಲಿಸಬೇಕೆಂಬ ಸೂಚನೆಯ ಪುಸ್ತಿಕೆಯನ್ನೂ ಅವರ ಕೈಗಿತ್ತರು. 1948ರಲ್ಲಿ ಪ್ರೈಸ್ ತೀರಿಕೊಂಡ ಮೇಲೆ ಅವರ ಪ್ರಾಮಾಣಿಕತೆಯ ಬಗ್ಗೆ ಗಂಭೀರ ಆಕ್ಷೇಪಗಳು ಬಂದವು, ಮತ್ತು ಆ ಆಕ್ಷೇಪಗಳನ್ನು ನಾನು ಹಗುರವಾಗಿ ಕಾಣುವುದಿಲ್ಲ. ಆದರೂ ಸಂಜೆ ಬಾಗಿಲಿಗೆ ಮೊಹರು ಹಾಕಿ, ಬೆಳಿಗ್ಗೆ ಅದು ಮುರಿದಿಲ್ಲವೆಂದು ಬರೆದಿಡುವ ಕ್ರಮ ಸರಿಯಾದ ಕ್ರಮ. ಏನೂ ನಡೆಯಲಿಲ್ಲ ಎಂಬುದನ್ನು ದಾಖಲಿಸಲು ಅದರಲ್ಲಿ ಜಾಗವಿತ್ತು.

ಟಿವಿಗೆ ಬಂದಾಗ ಆ ಜಾಗ ಹೋಯಿತು. ಬ್ರಿಟನ್ನಿನಲ್ಲಿ 2002ರಲ್ಲಿ ‘ಮೋಸ್ಟ್ ಹಾಂಟೆಡ್’ ಸರಣಿಯೂ, ಅಮೆರಿಕದಲ್ಲಿ 2004ರಲ್ಲಿ ‘ಘೋಸ್ಟ್ ಹಂಟರ್ಸ್’ ಸರಣಿಯೂ ಶುರುವಾದವು. ಎರಡನೆಯದರ ಮುಖ್ಯಸ್ಥರಾದ ಜೇಸನ್ ಹಾಸ್ ಮತ್ತು ಗ್ರಾಂಟ್ ವಿಲ್ಸನ್ ವೃತ್ತಿಯಿಂದ ಪ್ಲಂಬರುಗಳು. ಹಗಲು ಪೈಪು ರಿಪೇರಿ, ರಾತ್ರಿ ತನಿಖೆ. ನನಗೆ ಈ ವಿವರ ಬಹಳ ಮುಖ್ಯವೆನಿಸುತ್ತದೆ, ಏಕೆಂದರೆ ಗೋಡೆಯೊಳಗಿನ ಪೈಪು ಯಾವಾಗ ಬಡಿದುಕೊಳ್ಳುತ್ತದೆ, ನಲ್ಲಿ ಮುಚ್ಚಿದಾಗ ನೀರಿನ ಹೊಡೆತಕ್ಕೆ ಮನೆ ಹೇಗೆ ಸದ್ದು ಮಾಡುತ್ತದೆ ಎಂದು ತಿಳಿದವನು ಅಂಥ ಮನೆಗೆ ಹೋಗುವುದೇ ಸರಿ. ಆದರೆ ಒಂದು ಗಂಟೆಯ ಸ್ಲಾಟಿನಲ್ಲಿ ಜಾಹೀರಾತು ಕಳೆದರೆ ಮುಕ್ಕಾಲು ಗಂಟೆ ಉಳಿಯುತ್ತದೆ, ಮತ್ತು ಇಡೀ ರಾತ್ರಿಯನ್ನು ಆ ಮುಕ್ಕಾಲು ಗಂಟೆಗೆ ಇಳಿಸುವಾಗ ಮೀಟರು ಸುಮ್ಮನಿದ್ದ ಹೊತ್ತೆಲ್ಲ ಎಡಿಟಿಂಗ್ ಮೇಜಿನ ಮೇಲೆಯೇ ಉಳಿಯುತ್ತದೆ. ‘ಮೋಸ್ಟ್ ಹಾಂಟೆಡ್’ ವಿರುದ್ಧ ದೂರುಗಳು ಬಂದಾಗ ಬ್ರಿಟನ್ನಿನ ಪ್ರಸಾರ ನಿಯಂತ್ರಕ ಸಂಸ್ಥೆ ಆಫ್‌ಕಾಮ್ 2005ರಲ್ಲಿ ಅದನ್ನು ತನಿಖೆಯೆಂದು ಪರಿಗಣಿಸದೆ ಮನರಂಜನೆಯ ಕಾರ್ಯಕ್ರಮವೆಂದು ಪರಿಗಣಿಸಿತು. ಮನರಂಜನೆ ಎಂದ ಕೂಡಲೇ ಆಕ್ಷೇಪ ಬಿದ್ದುಹೋಯಿತು. ವೃತ್ತಿಗೆ ಇದಕ್ಕಿಂತ ದೊಡ್ಡ ಹಿನ್ನಡೆ ಇಲ್ಲವೆಂದು ನನಗೆ ತೋರುತ್ತದೆ.

ನಮ್ಮ ದೇಶದಲ್ಲಿ ಈ ಕೆಲಸದಿಂದ ಹೆಸರು ಮಾಡಿದವರು ಗೌರವ್ ತಿವಾರಿ. ಅಮೆರಿಕದಲ್ಲಿ ವಿಮಾನ ಚಾಲನೆಯ ತರಬೇತಿ ಪಡೆದಿದ್ದ ಅವರು 2009ರಲ್ಲಿ ಇಂಡಿಯನ್ ಪ್ಯಾರಾನಾರ್ಮಲ್ ಸೊಸೈಟಿಯನ್ನು ಕಟ್ಟಿದರು, ಹಿಂದಿ ವಾಹಿನಿಗಳಲ್ಲಿ ಕಾಣಿಸಿಕೊಂಡರು, ಆಸ್ಟ್ರೇಲಿಯಾದಲ್ಲಿ ಚಿತ್ರಿತವಾದ ಸರಣಿಯೊಂದರ ತಂಡದಲ್ಲೂ ಇದ್ದರು. 2016ರ ಜುಲೈಯಲ್ಲಿ, ಇನ್ನೂ ಎಳೆಯ ಪ್ರಾಯದಲ್ಲಿ, ದೆಹಲಿಯ ತಮ್ಮ ಮನೆಯಲ್ಲಿ ತೀರಿಕೊಂಡರು. ಪೊಲೀಸರು ಕಾನೂನಿನ ಪ್ರಕಾರ ತನಿಖೆ ನಡೆಸುತ್ತಿದ್ದಾಗಲೇ ಕೆಲವು ವಾಹಿನಿಗಳು ಆ ಸಾವನ್ನೂ ಪ್ರೇತಕಥೆಯೆಂದು ಬಿತ್ತರಿಸಿದವು. ಮಗನನ್ನು ಕಳೆದುಕೊಂಡ ಮನೆಯವರ ದುಃಖದ ಎದುರು ಹಾಗೆ ಮಾಡಬಾರದಾಗಿತ್ತು. ಜೀವಮಾನವಿಡೀ ಕ್ಯಾಮೆರಾದ ಮುಂದೆ ಕಾರಣ ಹುಡುಕಿದ ವ್ಯಕ್ತಿಗೆ, ಕಾರಣ ತಿಳಿಯುವ ತನಕ ಕಾಯುವಷ್ಟು ಮರ್ಯಾದೆಯಾದರೂ ಸಲ್ಲಬೇಕಿತ್ತು.

ಇನ್ನು ಆ ಮೀಟರಿನ ವಿಷಯ. ಕೆ-2 ಅಳೆಯುವುದು ಪರ್ಯಾಯ ವಿದ್ಯುತ್ತಿನಿಂದ ಹುಟ್ಟುವ ಕಾಂತಕ್ಷೇತ್ರವನ್ನು, ಮಿಲಿಗಾಸ್ ಎಂಬ ಮಾನದಲ್ಲಿ. ಮೊದಲ ಹಸಿರು ದೀಪ ಯಾವಾಗಲೂ ಉರಿಯುತ್ತದೆ. ಉಳಿದವು ಸುಮಾರು 1.5, 2.5, 10 ಮತ್ತು 20 ಮಿಲಿಗಾಸ್ ದಾಟಿದಂತೆ ಹೊತ್ತಿಕೊಳ್ಳುತ್ತವೆ. ಅದು ಒಂದೇ ದಿಕ್ಕಿನ ಕ್ಷೇತ್ರವನ್ನು ಗ್ರಹಿಸುವ ಮೀಟರಾದ್ದರಿಂದ ಕೈಯಲ್ಲಿ ಸ್ವಲ್ಪ ತಿರುಗಿಸಿದರೂ ಅಳತೆ ಬದಲಾಗುತ್ತದೆ, ಪಕ್ಕದಲ್ಲಿ ಮೊಬೈಲ್ ಇದ್ದರೂ ಮಿನುಗುತ್ತದೆ. ಕೆಂಪು ದೀಪ ಕಂಡು ಆರೋಗ್ಯಕ್ಕೆ ಹೆದರಬೇಕಾಗಿಲ್ಲ. ಅಂತರರಾಷ್ಟ್ರೀಯ ಅಯಾನೀಕರಿಸದ ವಿಕಿರಣ ಸುರಕ್ಷಾ ಆಯೋಗವು 2010ರಲ್ಲಿ 50 ಹರ್ಟ್ಜ್ ವಿದ್ಯುತ್ತಿಗೆ ಸಾರ್ವಜನಿಕರ ಮಟ್ಟಿಗೆ ಸೂಚಿಸಿದ ಮಿತಿ 200 ಮೈಕ್ರೋಟೆಸ್ಲಾ, ಅಂದರೆ 2000 ಮಿಲಿಗಾಸ್. ಇಂಥ ಕ್ಷೇತ್ರದಿಂದ ಮನುಷ್ಯನಿಗೆ ಯಾರೋ ಹತ್ತಿರವಿದ್ದಂತೆ ಭಾಸವಾಗುತ್ತದೆಯೇ ಎಂಬುದನ್ನೂ ಪರೀಕ್ಷಿಸಿದ್ದಾರೆ: ಲಂಡನ್ನಿನ ಸಂಶೋಧಕರು ಒಂದು ಖಾಲಿ ಕೋಣೆಯಲ್ಲಿ ಕಾಂತಕ್ಷೇತ್ರವನ್ನೂ ಕಿವಿಗೆ ಕೇಳದ ತಗ್ಗುಧ್ವನಿಯನ್ನೂ ಹುಟ್ಟಿಸಿ 79 ಮಂದಿಯನ್ನು ಒಬ್ಬೊಬ್ಬರಾಗಿ ಕೂರಿಸಿ, 2009ರಲ್ಲಿ ಫಲಿತಾಂಶ ಪ್ರಕಟಿಸಿದರು. ವಿಚಿತ್ರ ಅನುಭವಗಳು ಅನೇಕರಿಗೆ ಆದವು, ಆದರೆ ಯಂತ್ರ ಚಾಲೂ ಇದ್ದದ್ದಕ್ಕೂ ಅನುಭವ ಆದದ್ದಕ್ಕೂ ಸಂಬಂಧ ಕಾಣಲಿಲ್ಲ. ಏನಾದರೂ ಆಗಬಹುದೆಂದು ಮೊದಲೇ ಹೇಳಿದ್ದೇ ಸಾಕಾಗಿತ್ತೆಂದು ಅವರು ಊಹಿಸಿದರು.

ಹಾಗಾದರೆ ಮೆಟ್ಟಿಲ ಹತ್ತಿರ ದೀಪ ಏರುವುದೇಕೆ? ಸರಿಯಾದ ವಯರಿಂಗಿನಲ್ಲಿ ಕರೆಂಟು ತರುವ ಫೇಸ್ ತಂತಿಯೂ ಅದನ್ನು ಮರಳಿ ಒಯ್ಯುವ ನ್ಯೂಟ್ರಲ್ ತಂತಿಯೂ ಒಂದೇ ಪೈಪಿನಲ್ಲಿ ಜೊತೆಯಾಗಿ ಸಾಗುತ್ತವೆ. ಹೋಗುವ ಕರೆಂಟೂ ಬರುವ ಕರೆಂಟೂ ಸಮವಾಗಿರುವುದರಿಂದ ಅವುಗಳ ಕಾಂತಕ್ಷೇತ್ರ ಪರಸ್ಪರ ಕಳೆದುಹೋಗಿ, ಒಂದೆರಡು ಅಡಿ ದೂರದಲ್ಲಿ ಹೆಚ್ಚುಕಡಿಮೆ ಏನೂ ಉಳಿಯುವುದಿಲ್ಲ. ಕರೆಂಟು ಒಂದು ದಾರಿಯಲ್ಲಿ ಹೋಗಿ ಬೇರೆ ದಾರಿಯಲ್ಲಿ ಮರಳಿದರೆ ಮಾತ್ರ ಕ್ಷೇತ್ರ ಕೋಣೆಗಳೊಳಗೆ ಹರಡುತ್ತದೆ. ಒಂಟಿ ತಂತಿಯಲ್ಲಿ 1 ಆಂಪಿಯರ್ ಹರಿದರೆ 1 ಮೀಟರ್ ದೂರದಲ್ಲಿ 2 ಮಿಲಿಗಾಸ್ ಸಿಗುತ್ತದೆ. ಮುರಕಲ್ಲಿನ ಗೋಡೆ, ಹಂಚಿನ ಮಾಡು, ಮರದ ಮೆಟ್ಟಿಲಿನ ನಮ್ಮ ಹಳೆಯ ಮನೆಗಳಿಗೆ ವಿದ್ಯುತ್ ಬಂದದ್ದು ಮನೆ ಕಟ್ಟಿ ಎಷ್ಟೋ ಕಾಲವಾದ ಮೇಲೆ, ಅದೂ ಕಂತುಕಂತಾಗಿ. ಮೆಟ್ಟಿಲಿನ ದೀಪಕ್ಕೆ ಕೆಳಗೊಂದು, ಮೇಲೊಂದು ಸ್ವಿಚ್ಚು ಹಾಕುವಾಗ ತಂತಿ ಉಳಿಸಲೆಂದು ಕೆಳಗಿನ ಸರ್ಕ್ಯೂಟಿನ ಫೇಸ್, ಮೇಲಿನ ಸರ್ಕ್ಯೂಟಿನ ನ್ಯೂಟ್ರಲ್ ತೆಗೆದುಕೊಂಡದ್ದನ್ನೂ, ಮುಂದೆ ಯಾವಾಗಲೋ ರಿಪೇರಿಯ ಹೊತ್ತಿನಲ್ಲಿ ಎರಡೂ ನ್ಯೂಟ್ರಲ್‌ಗಳನ್ನು ಒಂದೇ ವಯರಿಂಗ್ ಡಬ್ಬಿಯಲ್ಲಿ ಹೆಣೆದದ್ದನ್ನೂ ನಾನು ಮತ್ತೆಮತ್ತೆ ಕಂಡಿದ್ದೇನೆ.

ಕಾರ್ಕಳ ಕಡೆಯ ಒಂದು ಮನೆಯಲ್ಲಿ ಮೀಟರು ಸಂಜೆ ಏಳರ ಮೇಲೆ ಮಾತ್ರ ಏರುತ್ತಿತ್ತು, ಮತ್ತು ಮನೆಯ ಅಜ್ಜ ಸಂಜೆ ಹೊತ್ತಿನಲ್ಲಿಯೇ ಮೆಟ್ಟಿಲಿಳಿಯುವಾಗ ಬಿದ್ದು ತೀರಿಕೊಂಡಿದ್ದರಿಂದ ಮಕ್ಕಳು ಹೆದರಿದ್ದರು. ಏಳರ ಹೊತ್ತಿಗೆ ಆ ಮನೆಯಲ್ಲಿ ಸ್ನಾನಕ್ಕೆ ಗೀಸರ್ ಹಾಕುತ್ತಾರೆ. 2000 ವಾಟಿನ ಗೀಸರ್ ಸುಮಾರು 8.7 ಆಂಪಿಯರ್ ಎಳೆಯುತ್ತದೆ. ನ್ಯೂಟ್ರಲ್‌ಗಳು ಒಂದಾಗಿದ್ದುದರಿಂದ ಅದರಲ್ಲಿ ಅರ್ಧದಷ್ಟು ಮೆಟ್ಟಿಲ ಪಕ್ಕದ ತಂತಿಯ ಮೂಲಕ ಸುತ್ತಿಕೊಂಡು ಮರಳುತ್ತಿತ್ತು. ಆ ತಂತಿಯಿಂದ ಅರ್ಧ ಮೀಟರ್ ದೂರದಲ್ಲಿ ಅದು 16, 17 ಮಿಲಿಗಾಸ್ ಆಗುತ್ತದೆ, ಕೆ-2ರ ನಾಲ್ಕನೆಯ ದೀಪಕ್ಕೆ ಅಷ್ಟು ಸಾಕು. ಗೀಸರ್ ಆರಿಸಿದಾಗ ದೀಪ ಇಳಿಯಿತು, ಮತ್ತೆ ಹಾಕಿದಾಗ ಏರಿತು. ಮಕ್ಕಳ ಕೈಯಲ್ಲೇ ಸ್ವಿಚ್ಚು ಕೊಟ್ಟು ಮಾಡಿಸಿದೆ. ಅವರ ಭಯ ಹೋಯಿತು, ಆದರೆ ನನ್ನ ಚಿಂತೆ ಅಲ್ಲಿಂದಲೇ ಶುರುವಾಯಿತು. ಅಂಥ ಮನೆಯಲ್ಲಿ ಮೇಲಿನ ಫ್ಯೂಸ್ ಕಿತ್ತು, ಈಗ ಕರೆಂಟಿಲ್ಲವೆಂದು ನಂಬಿ ನ್ಯೂಟ್ರಲ್ ತಂತಿಯ ಜಂಟಿ ಬಿಚ್ಚುವವನಿಗೆ ಕೆಳಗಿನ ಸರ್ಕ್ಯೂಟಿನ ಮೂಲಕ ಶಾಕ್ ಹೊಡೆಯಬಹುದು. ಸಾವು ಸಂಭವಿಸುವಷ್ಟು ಗಂಭೀರವಾದ ದೋಷ ಅದು. ಟಿವಿಯ ತನಿಖೆಗಾರ ಅಲ್ಲಿಗೆ ಬಂದಿದ್ದರೆ, ಮಾಡುತ್ತಿದ್ದ ಮೊದಲ ಕೆಲಸ ಮನೆಯ ದೀಪಗಳನ್ನೆಲ್ಲ ಆರಿಸುವುದು, ಅಂದರೆ ಕಾರಣ ಕಾಣುವ ದಾರಿಯನ್ನೇ ಮುಚ್ಚುವುದು.

ಮಳೆಗಾಲದ ದೂರುಗಳು ಇನ್ನೊಂದು ಬಗೆಯವು. ಗೋಡೆಗೆ ಕೈ ತಾಗಿದರೆ ಜುಮ್ಮೆನ್ನುತ್ತದೆ, ಬಚ್ಚಲಿನ ನಲ್ಲಿ ಹಿಡಿದರೆ ಯಾರೋ ಎಳೆದಂತಾಗುತ್ತದೆ ಎಂದು ಮನೆಯವರು ಹೇಳುತ್ತಾರೆ. ಆಷಾಢದ ಮಳೆಗೆ ಮುರಕಲ್ಲು ನೀರು ಕುಡಿದು ನಿಂತಾಗ ಹಳೆಯ ತಂತಿಯ ಕರೆಂಟು ಗೋಡೆಗೆ ಸೋರುತ್ತದೆ, ಅಥವಾ ಬಾವಿಯ ಪಂಪಿನಿಂದ ಸೋರಿದ್ದು ಪೈಪು ಹಿಡಿದು ಒಳಗೆ ಬರುತ್ತದೆ. ಒಂದು ಕೋಣೆಯ ದೀಪ ಮಂಕಾಗಿ ಇನ್ನೊಂದು ಕೋಣೆಯದು ಕಣ್ಣು ಕೋರೈಸುವಂತೆ ಉರಿದರೆ ಅದು ಮೂರು ಫೇಸ್ ಮನೆಯಲ್ಲಿ ನ್ಯೂಟ್ರಲ್ ಸಡಿಲವಾದ ಲಕ್ಷಣ; ಕೂಡಲೇ ಮೇನ್ ಆಫ್ ಮಾಡಿ, 1912ಕ್ಕೆ ಕರೆ ಮಾಡಿ ಮೆಸ್ಕಾಂಗೆ ತಿಳಿಸಬೇಕು.

ಉಳಿದ ಉಪಕರಣಗಳ ಬಗ್ಗೆ ಹೆಚ್ಚು ಹೇಳಬೇಕಾಗಿಲ್ಲ. ಲೇಸರ್ ಚುಕ್ಕಿ ಬಿಡುವ ಇನ್‌ಫ್ರಾರೆಡ್ ಥರ್ಮಾಮೀಟರು ಗಾಳಿಯ ತಾಪವನ್ನು ಅಳೆಯುವುದೇ ಇಲ್ಲ, ಎದುರಿನ ಗೋಡೆಯ ಮೇಲ್ಮೈಯ ತಾಪವನ್ನು ಅಳೆಯುತ್ತದೆ. ಒದ್ದೆ ಗೋಡೆ ತಣ್ಣಗೆ ತೋರಿಸುವುದು ಸಹಜ. ಫೋಟೋದಲ್ಲಿ ತೇಲುವ ಬೆಳಕಿನ ಉಂಡೆಗಳು ಲೆನ್ಸಿನ ಹತ್ತಿರದ ಧೂಳು ಅಥವಾ ಹನಿಗಳು, ಫ್ಲಾಶ್ ಬಿದ್ದು ಹೊಳೆದವು. ‘ಸ್ಪಿರಿಟ್ ಬಾಕ್ಸ್’ ಎಂಬುದು ಎಲ್ಲೂ ನಿಲ್ಲದೆ ಸ್ಟೇಷನ್‌ಗಳನ್ನು ದಾಟುತ್ತ ಹೋಗುವ ರೇಡಿಯೋ. ಮಂಗಳೂರಿನಲ್ಲಿ ಅದನ್ನು ಚಾಲೂ ಮಾಡಿದರೆ 92.7, 93.5, 98.3ರ ವಾಹಿನಿಗಳಿಂದ ಕನ್ನಡ, ತುಳು, ಹಿಂದಿ ಮಾತಿನ ಚೂರುಗಳು ಸಿಕ್ಕೇ ಸಿಗುತ್ತವೆ, ಮತ್ತು ಯಾರ ಹೆಸರನ್ನು ಕೇಳಲು ಕಾತರದಿಂದ ಕೂತಿದ್ದೇವೋ ಆ ಹೆಸರು ಕಿವಿಗೆ ಬೀಳುವುದು ಕಷ್ಟವಲ್ಲ.

ಇಲ್ಲಿ ಒಂದು ಮಾತನ್ನು ಸ್ಪಷ್ಟವಾಗಿ ಹೇಳಬೇಕು. ತುಳುನಾಡಿನವರು ತೀರಿಕೊಂಡವರ ಜೊತೆಗಿನ ನಂಟನ್ನು ಕಡಿದುಕೊಂಡವರಲ್ಲ. ಆಟಿ ತಿಂಗಳಲ್ಲಿ ಕುಲೆಗಳಿಗೆ, ಅಂದರೆ ತೀರಿಕೊಂಡವರ ಆತ್ಮಗಳಿಗೆ ಬಡಿಸುತ್ತೇವೆ, ಎಳವೆಯಲ್ಲಿ ತೀರಿಕೊಂಡ ಮಕ್ಕಳಿಗೆ ಎರಡು ಮನೆಯ ಹಿರಿಯರು ಕೂತು ಮದುವೆ ಮಾಡಿಸುವ ಕ್ರಮವೂ ಕೆಲವೆಡೆ ಇದೆ, ದೈವಗಳಿಗೆ ಕೋಲ ಕೊಡುತ್ತೇವೆ. ಇವು ಆರಾಧನೆಯ, ಋಣದ ವಿಷಯಗಳು. ಇವುಗಳಿಗೆ ಮೀಟರು ಹಿಡಿಯುವುದು ಅಸಂಬದ್ಧ, ಮತ್ತು ದೈವಗಳ ನೆಲೆಯಾದ ಭೂತಸ್ಥಾನವನ್ನು ದೆವ್ವದ ಮನೆಯಂತೆ ತೋರಿಸುವ ಹೊರಗಿನ ಚಿತ್ರತಂಡಗಳ ಅಜ್ಞಾನ ನೋವು ತರುತ್ತದೆ. ಕೋಲದ ರಾತ್ರಿ ಅಲ್ಲಿ ಅಳೆಯಬೇಕಾದದ್ದೇನಾದರೂ ಇದ್ದರೆ ಅದು ಚಪ್ಪರದ ತಾತ್ಕಾಲಿಕ ವಯರಿಂಗು ಮತ್ತು ಜನರೇಟರಿನ ಅರ್ಥಿಂಗು. ಇನ್ನೊಂದು ಕಡೆಯಿಂದ, ದೆವ್ವ ಬಿಡಿಸುವ ಹೆಸರಿನಲ್ಲಿ ಹೊಡೆದು ಹಿಂಸಿಸುವುದು ಕರ್ನಾಟಕದಲ್ಲಿ 2017ರ ಕಾಯ್ದೆಯ ಪ್ರಕಾರ ಅಪರಾಧ, ಮತ್ತು ಮೂಢನಂಬಿಕೆಗೆ ಪ್ರೋತ್ಸಾಹ ಕೊಡುವ ಕಾರ್ಯಕ್ರಮಗಳನ್ನು 1994ರ ಕೇಬಲ್ ಟಿವಿ ನಿಯಮಗಳು ನಿಷೇಧಿಸುತ್ತವೆ. ಈ ಊರಿಗೆ ಪ್ರಶ್ನಿಸುವ ಪರಂಪರೆಯೂ ಹೊಸದಲ್ಲ; ಮಂಗಳೂರಿನ ವೈದ್ಯಕೀಯ ಕಾಲೇಜಿನಲ್ಲಿ ಜೀವರಸಾಯನಶಾಸ್ತ್ರ ಕಲಿಸುತ್ತಿದ್ದ ನರೇಂದ್ರ ನಾಯಕ್ ದಶಕಗಳಿಂದ ಪವಾಡಗಳನ್ನು ಜನರ ಮುಂದೆ ಮಾಡಿ ತೋರಿಸಿ ಕಾರಣ ವಿವರಿಸಿದ್ದಾರೆ.

ಮಣಿಪಾಲದಲ್ಲಿ ಎಂಜಿನಿಯರಿಂಗ್ ಓದುತ್ತಿರುವ ಹುಡುಗನೊಬ್ಬ, ಈ ವೃತ್ತಿಗೆ ಇಳಿಯಬೇಕೆಂದಿದ್ದೇನೆ, ಏನು ಕಲಿಯಬೇಕು ಎಂದು ನನ್ನನ್ನು ಕೇಳಿದ. ಅವನ ಆಸೆಯನ್ನು ನಾನು ಅಲ್ಲಗಳೆಯಲಿಲ್ಲ. ಹೆದರಿದ ಮನೆಯವರ ಮಾತನ್ನು ತಾಳ್ಮೆಯಿಂದ ಕೇಳಿ, ಕಾರಣ ಹುಡುಕಿಕೊಡುವವರ ಅಗತ್ಯ ನಮ್ಮಲ್ಲಿ ಖಂಡಿತ ಇದೆ. ಹಗಲಿನಲ್ಲಿ ಒಮ್ಮೆ, ರಾತ್ರಿ ಒಮ್ಮೆ, ಮೇನ್ ಆಫ್ ಮಾಡಿ ಇನ್ನೊಮ್ಮೆ ಅದೇ ಜಾಗಗಳಲ್ಲಿ ಅಳೆಯಬೇಕೆಂದೂ, ತನ್ನದೇ ಕ್ಯಾಮೆರಾ, ಮೊಬೈಲು, ಬ್ಯಾಟರಿಗಳಿಂದ ಎಷ್ಟು ಏರುತ್ತದೆಂದು ಮೊದಲೇ ಬರೆದಿಡಬೇಕೆಂದೂ, ಏನೂ ಕಾಣದ ಗಂಟೆಗಳ ದಾಖಲೆಯನ್ನು ಮನೆಯವರಿಗೆ ಪೂರ್ತಿಯಾಗಿ ಕೊಡಬೇಕೆಂದೂ ಹೇಳಿದೆ. ಹೋದ ಮಳೆಗಾಲದಲ್ಲಿ ಅವನು ನನ್ನ ಜೊತೆ ಕೆಲವು ಮನೆಗಳಿಗೆ ಬಂದ. ಕೆ-2 ಏರಿದ ಕಡೆಯಲ್ಲೆಲ್ಲ ಮುಂದೇನು ಮಾಡಬೇಕೆಂಬುದನ್ನು ಅವನು ಈಗ ಬಲ್ಲ: ಮೇನ್ ಬೋರ್ಡಿನಿಂದ ಹೊರಡುವ ಪ್ರತಿ ಸರ್ಕ್ಯೂಟಿನ ಫೇಸ್ ಮತ್ತು ನ್ಯೂಟ್ರಲ್ ಎರಡನ್ನೂ ಒಟ್ಟಿಗೆ ಸೋರಿಕೆ ಅಳೆಯುವ ಕ್ಲಾಂಪ್ ಮೀಟರಿನ ದವಡೆಯೊಳಗೆ ಹಿಡಿಯಬೇಕು. ಎಲ್ಲ ಸರಿಯಿದ್ದರೆ ಅದು ಸೊನ್ನೆಯ ಹತ್ತಿರ ತೋರಿಸುತ್ತದೆ. ಉಳಿದು ತೋರಿಸಿದಷ್ಟೂ ಬೇರೆ ದಾರಿ ಹಿಡಿದ ಕರೆಂಟು. ಅದು ಇನ್ನೊಂದು ನ್ಯೂಟ್ರಲ್ ಸೇರುತ್ತಿದೆಯೋ, ಗೋಡೆಗೆ ಇಳಿಯುತ್ತಿದೆಯೋ ಎಂದು ಒಂದೊಂದೇ ಸರ್ಕ್ಯೂಟ್ ಬಿಡಿಸಿ ನೋಡಿ, ದೋಷ ಸರಿಪಡಿಸಿದ ಮೇಲೆ ಕರೆಂಟು ಸೋರಿದ ಕೂಡಲೇ ಸಂಪರ್ಕ ಕಡಿಯುವ 30 ಮಿಲಿಆಂಪಿಯರಿನ ಆರ್‌ಸಿಸಿಬಿ ಸ್ವಿಚ್ಚು ಕೂರಿಸಿ, ಅದರ ಟೆಸ್ಟ್ ಗುಂಡಿಯನ್ನು ಆಗಾಗ ಒತ್ತಿ ನೋಡುವುದನ್ನು ಮನೆಯವರಿಗೆ ಕಲಿಸಿ ಬರಬೇಕು.