ಶಾಯಿ ತಿಂದ ಸ್ವರಗಳು

ಹಳೆಯ ಸಂಗೀತದ ಹಾಳೆಗಳನ್ನು ಓದಿ, ಇವತ್ತಿನವರು ಹಾಡಲು ಹೊಸ ಪ್ರತಿ ಮಾಡಿಕೊಡುವುದು ನನ್ನ ಕೆಲಸ. ಬ್ರೆಜಿಲ್‌ನ ಮಿನಾಸ್ ಜೆರೈಸ್ ಕಡೆಯ 18ನೇ ಶತಮಾನದ ಕೃತಿ ಕೈಗೆ ಬಂದರೆ ಮೊದಲು ನೋಡುವುದು, ಯಾವ ಹಾಳೆ ಇಲ್ಲ ಅಂತ. ಎಲ್ಲರ ಪಾಲೂ ಒಂದೇ ಕಡೆ ಇರುವ ಪ್ರತಿ ಅಪರೂಪ. ಎತ್ತರದ ದನಿಯಾದ ಸೊಪ್ರಾನೊಗೆ ಒಂದು ಹಾಳೆ, ಪಿಟೀಲಿಗೆ ಒಂದು, ಹಾರ್ನ್ ಅನ್ನುವ ಊದುವ ವಾದ್ಯಕ್ಕೆ ಒಂದು. ಸೊಪ್ರಾನೊಗಿಂತ ಕೆಳಗಿನ ದನಿಯಾದ ಆಲ್ಟೊದ ಹಾಳೆ ಕಳೆದುಹೋಗಿದ್ದರೆ ಉಳಿದ ದನಿಗಳನ್ನು ಅಕ್ಕಪಕ್ಕ ಇಟ್ಟುಕೊಂಡು, ಇಲ್ಲಿ ಯಾವ ಸ್ವರ ಇದ್ದಿರಬಹುದು ಅಂತ ಒಂದೊಂದಾಗಿ ಕೂಡಿಸಬೇಕು.

ಶಾಯಿಯದು ಇನ್ನೊಂದು ಕಾಟ. ಆಗಿನ ಶಾಯಿಯಲ್ಲಿ ಕಬ್ಬಿಣದ ಅಂಶ ಇರುತ್ತಿತ್ತು, ಅದು ನಿಧಾನಕ್ಕೆ ಕಾಗದವನ್ನೇ ತಿನ್ನುತ್ತದೆ. ಶಾಯಿ ಜಾಸ್ತಿ ಬಿದ್ದ ಕಡೆ, ಅಂದರೆ ಸ್ವರ ಗುರುತಿಸಲು ಗೆರೆಗಳ ಮೇಲೆ ತುಂಬಿ ಬರೆದ ದುಂಡು ತಲೆಯೇ ಮೊದಲು ಉದುರುವುದು. ಹಾಳೆಯನ್ನು ಬೆಳಕಿಗೆ ಹಿಡಿದರೆ ಸ್ವರ ಇದ್ದಲ್ಲಿ ಸಣ್ಣ ತೂತು. ಆ ತೂತು ಯಾವ ಗೆರೆಯ ಮೇಲಿದೆ ಅಂತ ನೋಡಿಯೇ ಓದುತ್ತೇನೆ.

ಬರೆದವರು ಯಾರು? ಚಿನ್ನ ಸಿಕ್ಕ ಮೇಲೆ ಬೆಳೆದ ಊರುಗಳವು. ಪೋರ್ಚುಗೀಸ್ ತಂದೆ, ಗುಲಾಮಗಿರಿಯಲ್ಲಿ ನಲುಗಿದ ಆಫ್ರಿಕನ್ ಮೂಲದ ತಾಯಿ ಅಥವಾ ಅಜ್ಜಿ. ಇಂಥ ಮನೆಗಳಲ್ಲಿ ಹುಟ್ಟಿದವರೇ ಅಲ್ಲಿನ ಸಂಗೀತಗಾರರಲ್ಲಿ ಹೆಚ್ಚು. ಇಂಥ ಮಿಶ್ರ ಮೂಲದವರನ್ನು 'ಪಾರ್ದೊ' ಅನ್ನುತ್ತಿದ್ದರು. ದೊಡ್ಡ ಹುದ್ದೆಗಳಿಗೆ ಬಣ್ಣ ಅಡ್ಡ ಬರುತ್ತಿತ್ತು, ಸಂಗೀತದ ಕಸುಬಿಗೆ ಅಷ್ಟಾಗಿ ಬರಲಿಲ್ಲ. ಚರ್ಚ್‌ನ ಭಕ್ತ ಸಂಘಗಳು ಹಬ್ಬಗಳಿಗೆ ಕರಾರು ಮಾಡಿಕೊಂಡು ದುಡ್ಡು ಕೊಟ್ಟು ಇವರಿಂದ ಸಂಗೀತ ಮಾಡಿಸುತ್ತಿದ್ದವು. ಇವತ್ತಿನ ಡಿಯಾಮಾಂಟಿನಾದಲ್ಲಿ ಆರ್ಗನ್ ನುಡಿಸುತ್ತಿದ್ದ ಲೋಬೊ ಡಿ ಮೆಸ್ಕಿಟಾ ಅಂಥವರಲ್ಲಿ ಒಬ್ಬರು. ರಿಯೊದಲ್ಲಿ ಗುಲಾಮರ ಮೊಮ್ಮಗ ಜೋಸೆ ಮೌರಿಸಿಯೊ ನೂನೆಸ್ ಗಾರ್ಸಿಯಾ, ಪೋರ್ಚುಗಲ್‌ನ ಆಸ್ಥಾನ 1808ರಲ್ಲಿ ಅಲ್ಲಿಗೆ ಬಂದಾಗ ಅರಮನೆ ಚರ್ಚ್‌ನ ಸಂಗೀತದ ಮುಖ್ಯಸ್ಥರೇ ಆದರು. ಈ ಸಂಗೀತಕ್ಕೆ ಬರೋಕ್ ಅನ್ನುವ ಹಳೆಯ ಯುರೋಪಿನ ಶೈಲಿಯ ಹೆಸರು ಅಂಟಿಕೊಂಡಿದೆ ನಿಜ, ಆದರೆ ಹಾಡಿ ನೋಡಿದರೆ ಅದರ ನಂತರದ ರಚನಕಾರ ಹೈಡನ್ ಕಾಲದ ಧಾಟಿಯೇ ಜಾಸ್ತಿ.

1940ರ ದಶಕದಲ್ಲಿ ಸಂಗೀತ ಸಂಶೋಧಕ ಕರ್ಟ್ ಲಾಂಗೆ ಈ ಹಾಳೆಗಳನ್ನು ಹುಡುಕಿ ಬರೆದ ಮೇಲೆ ಹೊರಗಿನವರಿಗೆ ಗೊತ್ತಾಯಿತು. ಆಗಿನಿಂದ ಎಲ್ಲರೂ 'ಮರೆತುಹೋದ ಸಂಗೀತ' ಅನ್ನುತ್ತಾರೆ. ನನಗೆ ಆ ಮಾತು ಒಪ್ಪುವುದಿಲ್ಲ. ಮರೆತದ್ದು ಪುಸ್ತಕಗಳು, ಊರಿನವರಲ್ಲ, ಅಲ್ವಾ? ಸಾವೊ ಜೊವಾವ್ ಡೆಲ್ ರೇ ಊರಿನ ಲಿರಾ ಸಾಂಜೊವಾನೆನ್ಸೆ ವೃಂದ 1776ರಿಂದ ಇದೆ, ಈಗಲೂ ಚರ್ಚ್‌ನಲ್ಲಿ ನುಡಿಸುತ್ತದೆ. ಒಂದು ಹಾಳೆ ಹರಿದರೆ ಇನ್ನೊಬ್ಬರು ನಕಲು ಮಾಡಿಟ್ಟರು. ಎಷ್ಟೋ ಕೃತಿಗಳು ಉಳಿದಿರುವುದೇ 19ನೇ ಶತಮಾನದ ಅಂಥ ನಕಲುಗಳಲ್ಲಿ. ಅದಕ್ಕೇ ಹಾಳೆಯ ಮೂಲೆಯಲ್ಲಿ ನಕಲು ಮಾಡಿದವರ ಹೆಸರು ಕಂಡರೆ, ನನ್ನ ಪ್ರತಿಯ ಮೊದಲ ಪುಟದಲ್ಲಿ ರಚಿಸಿದವರ ಕೆಳಗೆ ಅದನ್ನೂ ಬರೆಯುತ್ತೇನೆ.