ಮರೆಯೋ ಚಿಪ್, ಮರೆಯಲೊಲ್ಲದ ಚಿಪ್

ನನ್ನ ತಂಗಿಯ ಮಗ ಶ್ರೀವತ್ಸನಿಗೆ ಈ ಬೇಸಿಗೆ ರಜೆಯಲ್ಲಿ ಹಳೆಯ ಗೇಮ್ ಬಾಯ್ ಒಂದು ಸಿಕ್ಕಿತು, ಕೈಯಲ್ಲಿ ಹಿಡಿದು ಆಡುವ ನಿಂಟೆಂಡೊ ಕಂಪನಿಯ ಯಂತ್ರ. ಅವನಪ್ಪನ ಗೆಳೆಯರೊಬ್ಬರು ಮನೆ ಖಾಲಿ ಮಾಡುವಾಗ ಕೊಟ್ಟದ್ದು. ಜೊತೆಗೆ ಪೊಕೆಮಾನ್ ರೆಡ್ ಅನ್ನುವ, ವಿಚಿತ್ರ ಪ್ರಾಣಿಗಳನ್ನು ಹಿಡಿದು ಸಾಕುವ ಆಟದ ಕಾರ್ಟ್ರಿಜ್, ಅಂದರೆ ಯಂತ್ರಕ್ಕೆ ಸಿಕ್ಕಿಸುವ ಪುಟ್ಟ ಡಬ್ಬಿ. ಆನ್ ಮಾಡಿದರೆ ಯಾರೋ ಆಡಿ ಮುಗಿಸಿದ ಆಟ ಹಾಗೇ ಕೂತಿದೆ. ಎಂಟು ಬ್ಯಾಡ್ಜ್, 87 ಗಂಟೆ. ಹುಡುಗನಿಗೆ ತನ್ನದೇ ಆಟ ಶುರು ಮಾಡಬೇಕು. ಮೆನುವಿನಲ್ಲಿ ಹುಡುಕಿದ, ಹುಡುಕಿದ. 'ಅಳಿಸು' ಅನ್ನುವ ಆಯ್ಕೆಯೇ ಇಲ್ಲ.

"ಮಾಮ, ನ್ಯೂ ಗೇಮ್ ಒತ್ತಿದ್ರೆ ಹಳೆಯವನು ಒಳಗೇ ಇರ್ತಾನಾ?"

ನಾನು ನಕ್ಕೆ. ಆಮೇಲೆ ಗೊತ್ತಾಯಿತು, ಅವನ ಪ್ರಶ್ನೆ ನನ್ನ ನಗುವಿಗಿಂತ ಜಾಣ ಅಂತ.

ಅಷ್ಟರಲ್ಲಿ ಬೀದಿಯ ಪಂಡಿತರೆಲ್ಲ ಸೇರಿದ್ದರು. ಒಬ್ಬ ಅಯಸ್ಕಾಂತ ಉಜ್ಜು ಅಂದ. ಇನ್ನೊಬ್ಬ ಜೋರಾಗಿ ಊದು ಅಂದ. ಮೂರನೆಯವನು ಬಿಸಿಲಿಗಿಡು ಅಂದ. ಅಯಸ್ಕಾಂತದ ಮಾತು ಕ್ಯಾಸೆಟ್ ಕಾಲದ್ದು. ಕ್ಯಾಸೆಟ್ಟಿನಲ್ಲೂ ಫ್ಲಾಪಿಯಲ್ಲೂ ನೆನಪು ಇರುತ್ತಿದ್ದದ್ದು ಕಾಂತೀಯ ಕಣಗಳಲ್ಲಿ. ಈ ಕಾರ್ಟ್ರಿಜ್‌ನಲ್ಲಿ ಇರೋದು ವಿದ್ಯುತ್ತಿನ ಚಿಪ್. ಫ್ರಿಜ್ ಬಾಗಿಲಿನ ಅಯಸ್ಕಾಂತ ಅದನ್ನು ಏನೂ ಮಾಡಲಾರದು. ಊದುವುದಂತೂ ಊದುವವನ ಸಮಾಧಾನಕ್ಕೆ. ಉಸಿರಿನ ತೇವಕ್ಕೆ ಲೋಹದ ತುದಿಗಳು ಹಾಳಾಗುತ್ತವೆ, ಅಷ್ಟೇ. ಊದಿದ ಮೇಲೆ ಆಟ ಸರಿಹೋಗಿದ್ದರೆ ಅದು ತೆಗೆದು ಮತ್ತೆ ಹಾಕಿದ್ದರಿಂದ. ನೋವಿಗೆ ಮಂತ್ರ ಹಾಕಿಸಿ, ಜೊತೆಗೆ ಮಾತ್ರೆಯನ್ನೂ ನುಂಗಿ, ಮಂತ್ರವನ್ನು ಹೊಗಳುವ ಕತೆ ಇದು.

ಬಿಸಿಲಿನ ಮಾತು ಮಾತ್ರ ಪೂರ್ತಿ ತಳ್ಳಿಹಾಕುವಂಥದ್ದಲ್ಲ. ಅದಕ್ಕೆ ಆಮೇಲೆ ಬರುತ್ತೇನೆ.

ನಾನು ಚಿಕ್ಕವನಿದ್ದಾಗ ನಮ್ಮ ಕೈಗೆ ಸಿಕ್ಕಿದ್ದು ಜಾತ್ರೆಯಲ್ಲಿ ಮಾರುತ್ತಿದ್ದ ಬ್ರಿಕ್ ಗೇಮ್. ಎರಡು ಪೆನ್ಸಿಲ್ ಸೆಲ್, ಮೇಲೆ '9999 ಗೇಮ್‌ಗಳು' ಅನ್ನುವ ಹಸಿ ಸುಳ್ಳು. ಸೆಲ್ ತೆಗೆದರೆ ಸ್ಕೋರು ಹೋಯಿತು. ಅಣ್ಣನ ಹೈಸ್ಕೋರ್ ಮುರಿಯಲಾಗದಿದ್ದರೆ ಅವನು ಮಲಗಿದಾಗ ಸೆಲ್ ಬಿಚ್ಚಿದರಾಯಿತು. ಅದರ ನೆನಪು ಸೆಲ್ಲಿನ ಋಣದಲ್ಲಿತ್ತು.

ಪೊಕೆಮಾನ್ ರೆಡ್ ಕೂಡ ಅದೇ ಜಾತಿ, ಕೊಂಚ ಜಾಣತನ ಸೇರಿದೆ ಅಷ್ಟೇ. ಜಪಾನಿನಲ್ಲಿ ಈ ಸರಣಿಯ ಮೊದಲ ಆಟಗಳು ಬಂದದ್ದು 1996ರ ಫೆಬ್ರವರಿಯಲ್ಲಿ. ಕಾರ್ಟ್ರಿಜ್ ಒಳಗೆ ಎರಡು ಬೇರೆ ಬೇರೆ ಚಿಪ್ ಇವೆ. ಒಂದರಲ್ಲಿ ಆಟ ಅಚ್ಚಾಗಿದೆ, ಅದನ್ನು ಯಾರೂ ಬದಲಿಸಲಾರರು. ಇನ್ನೊಂದರಲ್ಲಿ ನಿಮ್ಮ ಪ್ರಗತಿ ಇದೆ. ಅದು ವಿದ್ಯುತ್ ಇರುವವರೆಗೆ ಮಾತ್ರ ನೆನಪಿಡುವ, 32 ಕಿಲೋಬೈಟಿನ ಎಸ್‌ರ‍್ಯಾಮ್. ಪಕ್ಕದಲ್ಲೇ ನಾಣ್ಯದಂಥ 3 ವೋಲ್ಟಿನ ಲಿಥಿಯಂ ಸೆಲ್. ಗೇಮ್ ಬಾಯ್ ಆಫ್ ಆಗಿದ್ದರೂ, ಕಾರ್ಟ್ರಿಜ್ ಅಟ್ಟದ ಮೇಲಿದ್ದರೂ, ಈ ಸೆಲ್ ಹಗಲೂ ರಾತ್ರಿ ಆ ಚಿಪ್ಪಿಗೆ ತುತ್ತು ಉಣಿಸುತ್ತಿರುತ್ತದೆ.

ಯಾಕೆ ಉಣಿಸಬೇಕು? ನನಗೆ ತುಂಬ ಇಷ್ಟವಾದ ಭಾಗ ಇದು. ಸ್ವಲ್ಪ ಜಾಸ್ತಿ ಹೇಳಿದರೆ ಸಹಿಸಿಕೊಳ್ಳಿ.

ಎಸ್‌ರ‍್ಯಾಮ್‌ನ ಒಂದೊಂದು ಬಿಟ್ (0 ಅಥವಾ 1 ಕೂರುವ ಒಂದು ಮನೆ) ಅಂದರೆ ಹಟಮಾರಿ ಅತ್ತೆ-ಸೊಸೆ ಜೋಡಿ. ಅತ್ತೆ ಹೂಂ ಅಂದರೆ ಸೊಸೆ ಊಹೂಂ. ಸೊಸೆ ಊಹೂಂ ಅಂದಳಲ್ಲ, ಅದಕ್ಕೇ ಅತ್ತೆ ಮತ್ತೆ ಹೂಂ. ಜಗಳ ಹೀಗೆ ಒಂದೇ ಕಡೆ ಸುತ್ತುತ್ತಾ ನಿಂತುಬಿಡುತ್ತದೆ. ಹೊರಗಿನವರು ಬಂದು ಬಲವಂತ ಮಾಡಿದರೆ ಇಬ್ಬರೂ ಪಕ್ಷ ಬದಲಿಸುತ್ತಾರೆ. ಅತ್ತೆ ಊಹೂಂ, ಸೊಸೆ ಹೂಂ. ಅದೂ ಅಷ್ಟೇ ಗಟ್ಟಿ. ಮೊದಲನೆಯ ಸ್ಥಿತಿಗೆ 1 ಅನ್ನಿ, ಎರಡನೆಯದಕ್ಕೆ 0. ಪಾರ್ಕಿನ ಸೀಸಾ ಅಂತ ಬೇಕಾದರೂ ಭಾವಿಸಿ, ಈ ಕಡೆ ಬಾಗಿರುತ್ತದೆ, ಇಲ್ಲ ಆ ಕಡೆ. ನಡುವೆ ನಿಲ್ಲುವುದಿಲ್ಲ. ಆದರೆ ಸೀಸಾ ಹೋಲಿಕೆಯಲ್ಲಿ ಒಂದು ಮೋಸ ಇದೆ. ಸೀಸಾ ರಾತ್ರಿಯಿಡೀ ಹಾಗೇ ಬಿದ್ದಿರಬಲ್ಲದು. ಅತ್ತೆ-ಸೊಸೆಗೆ ಜಗಳ ಮುಂದುವರಿಸಲು ಊಟ ಬೇಕು. ಊಟ ನಿಂತರೆ ಇಬ್ಬರೂ ಸುಸ್ತಾಗಿ ಕೂರುತ್ತಾರೆ. ಯಾರು ಹೂಂ ಅಂದಿದ್ದರು ಅನ್ನುವುದೇ ಮರೆತುಹೋಗುತ್ತದೆ. ಒಬ್ಬರ ಮಾತು ಇನ್ನೊಬ್ಬರನ್ನು ಕಟ್ಟಿಹಾಕುವ ಈ ಉಪಾಯ ಚಿಪ್‌ಗಳಿಗಿಂತ ಹಳೆಯದು. ವಿಲಿಯಂ ಎಕಲ್ಸ್ ಮತ್ತು ಎಫ್. ಡಬ್ಲ್ಯು. ಜೋರ್ಡನ್ 1918ರಲ್ಲೇ ಇಂಗ್ಲೆಂಡಿನಲ್ಲಿ ರೇಡಿಯೋ ವಾಲ್ವ್‌ಗಳಿಂದ ಇದನ್ನು ಕಟ್ಟಿದ್ದರು. ಅವರಿಗೆ ಪೊಕೆಮಾನಿನ ಪಿಕಾಚು ಗೊತ್ತಿರಲಿಲ್ಲ, ಪಾಪ.

ಊಟ ಎಷ್ಟು ಬೇಕು? ಅಚ್ಚರಿ ಆಗುವಷ್ಟು ಕಡಿಮೆ. ಇಂಥ ಕಾರ್ಟ್ರಿಜ್‌ಗಳಲ್ಲಿ ಕಾಣುವ ಸಿಆರ್2025 ಸೆಲ್ಲನ್ನೇ ತೆಗೆದುಕೊಳ್ಳಿ. ಹೆಸರಲ್ಲೇ ಅಳತೆ ಇದೆ, 20 ಮಿಲಿಮೀಟರ್ ಅಗಲ, 2.5 ಮಿಲಿಮೀಟರ್ ದಪ್ಪ. ಅದರೊಳಗಿನ ಸರಕು ಸುಮಾರು 160 ಮಿಲಿಆಂಪಿಯರ್-ಗಂಟೆ. ಸುಮ್ನೆ ಕೂತ ಚಿಪ್ 1 ಮೈಕ್ರೋಆಂಪಿಯರ್ ಹೀರುತ್ತದೆ ಅಂತ ಇಟ್ಟುಕೊಂಡರೆ, 1,60,000 ಗಂಟೆ ಬಂತು. ಅಂದರೆ 18 ವರ್ಷ ಚಿಲ್ಲರೆ. ತೊಂಬತ್ತರ ದಶಕದ ಆಟಗಳು ಈಚೆಗೆ ಒಂದೊಂದಾಗಿ ನೆನಪು ಕಳೆದುಕೊಳ್ಳುತ್ತಿರುವುದರ ಗುಟ್ಟು ಇಷ್ಟೇ. ಯಾರೂ ಅಳಿಸಿಲ್ಲ. ಊಟ ಮುಗಿದಿದೆ.

ಊಟ ಮುಗಿದಾಗ ಎಲ್ಲವೂ ಸೊನ್ನೆ ಆಗುತ್ತದೆ ಅಂತ ಬಹಳ ಜನ ತಿಳಿದಿದ್ದಾರೆ. ಆಗುವುದಿಲ್ಲ. ಮತ್ತೆ ವಿದ್ಯುತ್ ಬಂದಾಗ ಪ್ರತಿ ಜೋಡಿಯೂ ತನಗೆ ತೋಚಿದ ಕಡೆ ವಾಲುತ್ತದೆ. ತಯಾರಿಕೆಯಲ್ಲಿ ಇಬ್ಬರಲ್ಲಿ ಯಾರೋ ಒಬ್ಬರು ಕೂದಲೆಳೆಯಷ್ಟು ಗಟ್ಟಿಯಾಗಿರುತ್ತಾರಲ್ಲ, ಗೆಲುವು ಅವರದು. ಹಾಗಾಗಿ ಹೊಸದಾಗಿ ಎಚ್ಚೆತ್ತ ಚಿಪ್ಪಿನಲ್ಲಿ ಇರುವುದು ಕಲಸುಮೇಲೋಗರ. ಅದೂ ಒಂದೊಂದು ಚಿಪ್ಪಿಗೆ ಒಂದೊಂದು ಬಗೆಯದು. ಎಷ್ಟರಮಟ್ಟಿಗೆ ಅಂದರೆ ಅದನ್ನೇ ಚಿಪ್ಪಿನ ಬೆರಳಚ್ಚಾಗಿ ಬಳಸುವ ತಂತ್ರವೂ ಇದೆ.

ಈ ಕಸವನ್ನು ನೋಡಿ ಆಟ ಮೋಸಹೋಗುವುದಿಲ್ಲ ಏಕೆ? ಕಿರಾಣಿ ಅಂಗಡಿಯ ಲೆಕ್ಕದ ಪುಸ್ತಕದ ಹಾಗೆ, ಸೇವ್ ಮಾಡುವಾಗ ಆಟ ಎಲ್ಲ ಬೈಟುಗಳನ್ನೂ (ಒಂದು ಬೈಟು ಅಂದರೆ ಎಂಟು ಬಿಟ್‌ಗಳ ಕಟ್ಟು) ಕೂಡಿ ಕಳೆದು ಪುಟದ ಕೆಳಗೆ ಒಂದು ಮೊತ್ತ ಬರೆದಿಡುತ್ತದೆ. ತೆರೆಯುವಾಗ ಮತ್ತೆ ಲೆಕ್ಕ ಹಾಕುತ್ತದೆ. ತಾಳೆಯಾಗದಿದ್ದರೆ ಕಡತ ಹಾಳಾಗಿದೆ ಅಂತ ಸಾರುತ್ತದೆ. ಪೊಕೆಮಾನ್ ರೆಡ್‌ನಲ್ಲಿ ಈ ಮೊತ್ತಕ್ಕೆ ಇರುವುದು ಒಂದೇ ಬೈಟು. ಹಾಗಾಗಿ ಬರೀ ಈ ಲೆಕ್ಕದ ಮಟ್ಟಿಗೆ 256ರಲ್ಲಿ ಒಂದು ಸಲ ಕಸವೂ ಪಾಸಾಗಬಹುದು. ಜುಗ್ಗತನ, ಆದರೆ ಆಗ ಬೈಟಿಗೆ ಬೆಲೆ ಇತ್ತು.

'ಕಡತ' ಅಂದೆನಲ್ಲ, ಅಲ್ಲೊಂದು ತಮಾಷೆ ಇದೆ. ಈಗ ಕಂಪ್ಯೂಟರಿನ ಫೈಲಿಗೆ ನಾವು ಕಡತ ಅನ್ನುತ್ತೇವೆ. ಮೂಲದಲ್ಲಿ ಕಡತ ಅಂದರೆ ಬಟ್ಟೆಯ ಪುಸ್ತಕ. ಬಟ್ಟೆಗೆ ಹುಣಸೆಬೀಜದ ಅಂಟು ಮತ್ತು ಇದ್ದಿಲ ಪುಡಿ ಬಳಿದು, ಒಣಗಿಸಿ, ಮಡಿಕೆ ಮಡಿಕೆಯಾಗಿ ಮಡಿಸಿ, ಬಳಪದಲ್ಲಿ ಬರೆಯುತ್ತಿದ್ದರು. ಬೇಡವಾದರೆ ಒರೆಸಿ ಮತ್ತೆ ಬರೆಯಬಹುದಿತ್ತು. ಶೃಂಗೇರಿ ಮಠದ ಕಡತಗಳು ಇವತ್ತಿಗೂ ಹೆಸರಾಗಿವೆ. ಅಳಿಸಿ ಬರೆಯುವ ವಸ್ತುವಿನ ಹೆಸರೇ ಫೈಲಿಗೆ ಬಂದು ಕೂತಿದೆ, ಯಾರೂ ಸಭೆ ಸೇರಿ ಯೋಚಿಸದಿದ್ದರೂ.

ಈಗ ಹುಡುಗನ ಪ್ರಶ್ನೆ. ನ್ಯೂ ಗೇಮ್ ಒತ್ತಿದ ಮಾತ್ರಕ್ಕೆ ಹಳೆಯದು ಏನೂ ಆಗುವುದಿಲ್ಲ. ಹೊಸ ಆಟವನ್ನು ಸೇವ್ ಮಾಡುವವರೆಗೂ ಹಳೆಯವನು ಕ್ಷೇಮ. ಸೇವ್ ಮಾಡಿದರೆ? ಆಗ ಹೆಸರು, ಬ್ಯಾಡ್ಜ್, ಜೊತೆಗಿದ್ದ ಪ್ರಾಣಿಗಳ ಮೇಲೆ ಹೊಸದು ಕೂರುತ್ತದೆ. ಆದರೆ ಆಟದಲ್ಲಿ ಪ್ರಾಣಿಗಳನ್ನು ಕೂಡಿಡಲು 12 ಪೆಟ್ಟಿಗೆಗಳಿವೆ, ಒಂದರಲ್ಲಿ 20 ಪ್ರಾಣಿ. ಅವು ಚಿಪ್ಪಿನ ಬೇರೆ ಭಾಗದಲ್ಲಿವೆ. ಹೊಸ ಆಟಗಾರ ಮೊದಲ ಸಲ ಪೆಟ್ಟಿಗೆ ಬದಲಿಸುವವರೆಗೂ ಆಟ ಅತ್ತ ತಲೆಯೇ ಹಾಕುವುದಿಲ್ಲ. ಬದಲಿಸಿದಾಗಲೂ ಮಾಡುವುದೇನು? ಪ್ರತಿ ಪೆಟ್ಟಿಗೆಯ ಮೇಲೆ 'ಒಳಗೆ ಸೊನ್ನೆ ಪ್ರಾಣಿ' ಅಂತ ಚೀಟಿ ಅಂಟಿಸುತ್ತದೆ. ಪ್ರಾಣಿಗಳ ಬೈಟುಗಳು ಅಲ್ಲೇ ಬಿದ್ದಿರುತ್ತವೆ. ಪಡಿತರ ಚೀಟಿಯಿಂದ ಹೆಸರು ತೆಗೆದರೆ ಮನುಷ್ಯ ಮನೆಯಲ್ಲಿ ಇರುವುದಿಲ್ಲವೇ, ಹಾಗೆ. ಅಂದರೆ ಶ್ರೀವತ್ಸ ಹೇಳಿದ್ದು ಸರಿ. ಹಳೆಯವನು ಒಳಗೇ ಇರುತ್ತಾನೆ.

ಅವನನ್ನು ನಿಜಕ್ಕೂ ಕಳಿಸಬೇಕು ಅಂದರೆ ಮೆನುವಿನಲ್ಲಿ ಇಲ್ಲದ ದಾರಿ ಒಂದಿದೆ. ಆಟದ ಹೆಸರು ತೋರಿಸುವ ಪರದೆಯಲ್ಲಿ ಮೇಲಿನ ಬಾಣ, ಬಿ, ಸೆಲೆಕ್ಟ್ ಮೂರನ್ನೂ ಒಟ್ಟಿಗೆ ಒತ್ತಬೇಕು. ಮೂರು ಬೆರಳಿನ ಕಸರತ್ತು, ಆಕಸ್ಮಿಕವಾಗಿ ಆಗುವಂಥದ್ದಲ್ಲ. ಎಲ್ಲ ಅಳಿಸಲಾ ಅಂತ ಕೇಳುತ್ತದೆ. ಬಾಣದ ಗುರುತು ಮೊದಲಿಗೆ ನಿಂತಿರುವುದು 'ಇಲ್ಲ' ಅನ್ನುವುದರ ಮೇಲೆ. ಹೌದು ಅಂದರೆ ಚಿಪ್ಪಿನ ನಾಲ್ಕೂ ಭಾಗಗಳ ಪ್ರತಿ ಬೈಟಿಗೂ 255 ಅನ್ನುವ ಅಂಕಿಯನ್ನು ತುಂಬಿಸುತ್ತದೆ. ಬಿಟ್ ಲೆಕ್ಕದಲ್ಲಿ ಎಲ್ಲವೂ 1. ಇದು ನಿಜವಾದ ಒರೆಸುವಿಕೆ.

ಮರೆವು ಬೇರೆ, ಒರೆಸುವುದು ಬೇರೆ. ಸೆಲ್ ಸತ್ತು ನೆನಪು ಚೆಲ್ಲಾಪಿಲ್ಲಿ ಆಗುವುದಕ್ಕೆ ಯಾರೂ ಬೆವರು ಹರಿಸಬೇಕಿಲ್ಲ. ಆದರೆ ಪ್ರತಿ ಬಿಟ್ಟನ್ನೂ ಇಂಥದ್ದೇ ಸ್ಥಿತಿಗೆ ತಂದು ನಿಲ್ಲಿಸಬೇಕು ಅಂದರೆ ಕೂಲಿ ಕೊಡಲೇಬೇಕು. 1961ರಲ್ಲಿ ಐಬಿಎಂನ ರಾಲ್ಫ್ ಲ್ಯಾಂಡವರ್ ಆ ಕನಿಷ್ಠ ಕೂಲಿ ಎಷ್ಟು ಅಂತ ಲೆಕ್ಕ ಹಾಕಿದರು. ಪ್ರಕೃತಿ ಅದಕ್ಕಿಂತ ಕಡಿಮೆಗೆ ಒಪ್ಪುವುದಿಲ್ಲ. ಅವರ ಲೆಕ್ಕವನ್ನು ನಮ್ಮ ಕಾರ್ಟ್ರಿಜ್‌ನ 2,62,144 ಬಿಟ್‌ಗಳಿಗೆ ಹಾಕಿ ನೋಡಿದೆ. ಬಂದ ಶಕ್ತಿಯಿಂದ ಒಂದು ಎಳ್ಳುಕಾಳನ್ನು ಎತ್ತಬಹುದು, ಒಂದು ಪರಮಾಣುವಿನ ಅಗಲದ ಕಾಲು ಭಾಗದಷ್ಟು ಎತ್ತರಕ್ಕೆ! ನಿಜವಾದ ಚಿಪ್ ಇದಕ್ಕಿಂತ ಎಷ್ಟೋ ಪಟ್ಟು ದುಂದು ಮಾಡುತ್ತದೆ, ಅದು ಬೇರೆ ಮಾತು. 2012ರಲ್ಲಿ ಫ್ರಾನ್ಸಿನ ಲಿಯಾನ್‌ನಲ್ಲಿ ಲೇಸರ್ ಬೆಳಕಿನಲ್ಲಿ ಹಿಡಿದಿಟ್ಟ ಒಂದು ಪುಟ್ಟ ಗಾಜಿನ ಮಣಿಯನ್ನು ಒಂದು ಬಿಟ್ ಮಾಡಿಕೊಂಡು ಈ ಕನಿಷ್ಠ ಕೂಲಿಯನ್ನು ಅಳೆದೇ ಬಿಟ್ಟರು.

ಆಮೇಲೆ ಬಂದದ್ದು ಇದಕ್ಕೆ ಪೂರ್ತಿ ಉಲ್ಟಾ ಚಿಪ್. ನೆನಪಿಡಲು ಊಟವೇ ಬೇಡ, ಮರೆಯುವುದಕ್ಕೇ ಒದ್ದಾಟ. ಅದು ಫ್ಲಾಶ್. 1967ರಲ್ಲಿ ಬೆಲ್ ಲ್ಯಾಬ್ಸ್‌ನ ದಾವೊನ್ ಕಾಂಗ್ ಮತ್ತು ಸೈಮನ್ ಝೀ ಹೇಳಿದ ಉಪಾಯ ಇದರ ಬೇರು. ಗಾಜಿನಂಥ ಪದರದೊಳಗೆ ಒಂದು ಪುಟ್ಟ ಕೋಣೆ, ಬಾಗಿಲಿಲ್ಲ, ಕಿಟಕಿಯಿಲ್ಲ. ಅದರೊಳಗೆ ಎಲೆಕ್ಟ್ರಾನುಗಳನ್ನು ಕೂಡಿಹಾಕುವುದು. ಉಪ್ಪಿನಕಾಯಿ ಜಾಡಿಗೆ ಬಟ್ಟೆ ಬಿಗಿದಂತೆ ವರ್ಷಗಟ್ಟಲೆ ಕೆಡದೆ ಇರುತ್ತದೆ. ಬಾಗಿಲಿಲ್ಲದ ಕೋಣೆಯಿಂದ ಹೊರಗೆ ತರುವುದು ಹೇಗೆ? ಗೋಡೆಯ ದಪ್ಪ ಸುಮಾರು 10 ನ್ಯಾನೊಮೀಟರ್, ತಲೆಕೂದಲಿನ ದಪ್ಪದ ಎಂಟು ಸಾವಿರದಲ್ಲೊಂದು ಪಾಲು. ಜೋರಾದ ವೋಲ್ಟೇಜ್ ಕೊಟ್ಟರೆ ಎಲೆಕ್ಟ್ರಾನುಗಳು ಗೋಡೆಯನ್ನು ಒಡೆಯದೆ, ಹಾರದೆ, ಆಚೆ ಕಾಣಿಸಿಕೊಳ್ಳುತ್ತವೆ. ಇದು ದೆವ್ವದ ಕತೆ ಅಲ್ಲ, ಕ್ವಾಂಟಂ ಭೌತಶಾಸ್ತ್ರ. ಕ್ವಾಂಟಂ ಹೆಸರಲ್ಲಿ ತಾಯತ ಮಾರುವವರು ಇದನ್ನು ದಯವಿಟ್ಟು ಎತ್ತಿಕೊಂಡು ಹೋಗಬೇಡಿ.

ಫ್ಲಾಶ್ ಬರುವುದಕ್ಕೆ ಮುಂಚೆ, 1971ರಲ್ಲಿ, ಇಂಟೆಲ್‌ನ ಡೊವ್ ಫ್ರೊಹ್ಮನ್ ಮಾಡಿದ ಚಿಪ್ಪಿಗೆ ಮೇಲ್ಗಡೆ ಪುಟ್ಟ ಸ್ಫಟಿಕದ ಕಿಟಕಿ ಇರುತ್ತಿತ್ತು. ಅಳಿಸಬೇಕು ಅಂದರೆ ನೇರಳಾತೀತ ದೀಪದ ಕೆಳಗೆ ಇಡಬೇಕು. ಅದನ್ನು ದಿನಗಟ್ಟಲೆ ಬಿಸಿಲಿಗಿಟ್ಟರೂ ನೆನಪು ಹೋಗಬಲ್ಲದು. ಬಿಸಿಲಿಗಿಡು ಅಂದ ಹುಡುಗ ಐವತ್ತು ವರ್ಷ ತಡವಾಗಿ ಹುಟ್ಟಿದ್ದಾನೆ ಅಷ್ಟೇ.

ತೋಷಿಬಾದ ಫುಜಿಯೊ ಮಸುವೊಕ ಇಡೀ ತುಂಡನ್ನು ಒಂದೇ ಏಟಿಗೆ ವಿದ್ಯುತ್ತಿನಿಂದಲೇ ಅಳಿಸುವ ಚಿಪ್ಪನ್ನು 1984ರಲ್ಲಿ ಜಗತ್ತಿನ ಮುಂದಿಟ್ಟರು. ಕ್ಯಾಮೆರಾ ಫ್ಲಾಶ್ ಹೊಡೆದ ಹಾಗಿದೆ ಅಂತ ಸಹೋದ್ಯೋಗಿಯೊಬ್ಬರು ಆ ಹೆಸರು ಸೂಚಿಸಿದರಂತೆ. ಅಂದರೆ ಫ್ಲಾಶ್ ಅನ್ನುವ ಹೆಸರು ಬಂದದ್ದು ನೆನಪಿಡುವ ಗುಣದಿಂದಲ್ಲ, ಅಳಿಸುವ ಗುಣದಿಂದ! ತನಗೆ ಸಿಕ್ಕ ಪ್ರತಿಫಲ ಸಾಲದು ಅಂತ ಮಸುವೊಕ ಕೋರ್ಟಿಗೆ ಹೋದರು. 2006ರಲ್ಲಿ 8.7 ಕೋಟಿ ಯೆನ್‌ಗೆ ರಾಜಿಯಾಯಿತು.

ಫ್ಲಾಶ್‌ಗೆ ಒಂದು ವಿಚಿತ್ರ ಸ್ವಭಾವ ಇದೆ. ಅಲ್ಲಿ ಖಾಲಿ ಅಂದರೆ 0 ಅಲ್ಲ, 1. ಬರೆಯುವುದು ಅಂದರೆ ಬೇಕಾದ ಕಡೆ 1ನ್ನು 0 ಮಾಡುವುದು. 0ಯನ್ನು ಮತ್ತೆ 1 ಮಾಡಬೇಕಾದರೆ ಇಡೀ ತುಂಡನ್ನೇ ಒರೆಸಬೇಕು. ಒಂದು ಅಕ್ಷರ ತಪ್ಪಾದರೆ ಪೂರ್ತಿ ಸ್ಲೇಟು ತೊಳೆಯುವ ಹಾಗೆ. ತೊಳೆದಂತೆಲ್ಲ ಗೋಡೆ ಸವೆಯುತ್ತದೆ.

2002ರಲ್ಲಿ ಬಂದ ಪೊಕೆಮಾನ್ ರೂಬಿ ಮತ್ತು ಸಫೈರ್‌ನಲ್ಲಿ ಪ್ರಗತಿ ಇರುವುದು ಈ ಫ್ಲಾಶ್‌ನಲ್ಲಿ. ಅಲ್ಲೂ ಒಂದು ಸೆಲ್ ಇದೆ, ಆದರೆ ಅದು ಬರೀ ಗಡಿಯಾರಕ್ಕೆ. ಸೆಲ್ ಮುಗಿದಿದೆ ಅಂತ ಆಟ ಹೇಳಿದ ಕೂಡಲೇ ಎಲ್ಲ ಹೋಯಿತು ಅಂತ ಗಾಬರಿ ಬೀಳುವವರನ್ನು ಕಂಡಿದ್ದೇನೆ. ಹೋಗಿಲ್ಲ ಮಹಾರಾಯರೇ. ಆಟದೊಳಗಿನ ಗಿಡಗಳಲ್ಲಿ ಹಣ್ಣು ಬೆಳೆಯುವುದು ನಿಲ್ಲುತ್ತದೆ ಅಷ್ಟೇ. ಇವತ್ತಿನ ನಿಂಟೆಂಡೊ ಸ್ವಿಚ್‌ನಲ್ಲಂತೂ ಪ್ರಗತಿ ಇರುವುದು ಯಂತ್ರದ ಒಳಗೆ, ಕಾರ್ಡಿನಲ್ಲಿ ಅಲ್ಲ. ಕಾರ್ಡ್ ಮಾರಿದರೆ ಆಟ ಹೋಗುತ್ತದೆ, ನೆನಪು ನಿಮ್ಮಲ್ಲೇ ಉಳಿಯುತ್ತದೆ. ಆಟವನ್ನು ಡಿಲೀಟ್ ಮಾಡಿದರೂ ಉಳಿಯುತ್ತದೆ. ಬೇಡ ಅಂದರೆ ಸೆಟ್ಟಿಂಗ್ಸ್‌ಗೆ ಹೋಗಿ ಸೇವ್ ಡೇಟಾವನ್ನು ಬೇರೆಯಾಗಿಯೇ ಅಳಿಸಬೇಕು.

ಶ್ರೀವತ್ಸನಿಗೆ ಇಷ್ಟನ್ನೂ ಹೇಳಿದೆ. ಅರ್ಧದಲ್ಲೇ ಆಕಳಿಸಿದ. ಆಮೇಲೆ ಮೂರು ಬೆರಳಿಟ್ಟು ಒತ್ತಿದ, ಬಾಣವನ್ನು 'ಹೌದು' ಕಡೆ ಇಳಿಸಿದ. ಕಣ್ಣು ಮಿಟುಕಿಸುವಷ್ಟರಲ್ಲಿ 87 ಗಂಟೆ ಹೋಯಿತು. ಹೊಸ ಆಟದಲ್ಲಿ ಹೆಸರು ಕೇಳಿತು. ಇಂಗ್ಲಿಷಿನ ಏಳೇ ಅಕ್ಷರಕ್ಕೆ ಜಾಗ. ನಮ್ಮ ಹುಡುಗ 'ಶ್ರೀವತ್' ಅನ್ನುವಲ್ಲಿಗೆ ನಿಂತುಹೋದ.