ಇಲ್ಲದ ಚಂದ್ರನಿಗೂ ಒಂದು ಜಾತಕ: ಭೂಮಿಯ ‘ಎರಡನೇ ಚಂದ್ರ’ನ ಹಿನ್ನೆಲೆ

2024ರ ಸೆಪ್ಟೆಂಬರ್‌ನಲ್ಲಿ ‘ಭೂಮಿಗೆ ಎರಡನೇ ಚಂದ್ರ’ ಎಂಬ ಸುದ್ದಿ ವಾಟ್ಸಾಪ್‌ ತುಂಬ ಓಡಾಡಿತು. ಸುದ್ದಿ ಪೂರ್ತಿ ಸುಳ್ಳಲ್ಲ, ತಲೆಬರಹ ಮಾತ್ರ ಜಾಸ್ತಿಯಾಯಿತು. ಬಂದದ್ದು ಸುಮಾರು 10 ಮೀಟರ್ ಅಗಲದ ಒಂದು ಬಂಡೆ. ಬರಿಗಣ್ಣಿಗೆ ಕಾಣುವ ಮಾತೇ ಇರಲಿಲ್ಲ. ಆದರೂ ಜನ ತಾರಸಿ ಹತ್ತಿದರು. ಎರಡನೇ ಚಂದ್ರ ಇರಬೇಕು ಎಂಬ ಈ ಆಸೆಗೆ ಒಂದೂಮುಕ್ಕಾಲು ಶತಮಾನದ ಇತಿಹಾಸವಿದೆ. ಅದರಲ್ಲಿ ವಿಜ್ಞಾನಿಗಳೂ ಇದ್ದಾರೆ, ಅಂಚೆಯವರೂ ಇದ್ದಾರೆ, ಜ್ಯೋತಿಷಿಗಳೂ ಇದ್ದಾರೆ.

ಶುರು ಮಾಡಿದ್ದು ಫ್ರಾನ್ಸಿನ ತುಲೂಸ್ ವೀಕ್ಷಣಾಲಯದ ನಿರ್ದೇಶಕ ಫ್ರೆಡೆರಿಕ್ ಪೆಟಿ. 1846ರ ಮಾರ್ಚ್ 21ರ ಸಂಜೆ ಮೂವರು ಕಂಡದ್ದನ್ನು ಆಧಾರವಾಗಿಟ್ಟುಕೊಂಡು, ಭೂಮಿಗೆ ಇನ್ನೊಂದು ಉಪಗ್ರಹವಿದೆ ಎಂದು ಆತ ಸಾರಿದ. 2 ಗಂಟೆ 45 ನಿಮಿಷಕ್ಕೆ ಒಂದು ಸುತ್ತು. ದೂರ ಹೋದಾಗ 3,570 ಕಿ.ಮೀ. ಎತ್ತರ, ಹತ್ತಿರ ಬಂದಾಗ ಬರೀ 11.4 ಕಿ.ಮೀ. ಇವತ್ತು ಬೆಂಗಳೂರಿನಿಂದ ದೆಹಲಿಗೆ ಹೋಗುವ ವಿಮಾನ ಹಾರುವುದೂ ಹೆಚ್ಚುಕಡಿಮೆ ಅಷ್ಟೇ ಎತ್ತರದಲ್ಲಿ! ಅಲ್ಲಿರುವ ಗಾಳಿಗೆ ಉಜ್ಜಿಕೊಂಡು ಅಂಥ ಉಪಗ್ರಹ ಒಂದು ಸುತ್ತೂ ಬಾಳಲಾರದು. ಗಾಳಿಯ ತಡೆಯನ್ನು ಲೆಕ್ಕಕ್ಕೆ ಹಿಡಿಯಬೇಕಲ್ಲವೇ ಎಂದು, ಪೆಟಿ ಇದನ್ನು ಹೇಳಿದ ಸಭೆಯಲ್ಲಿದ್ದ ಫ್ರೆಂಚ್ ಖಗೋಳಶಾಸ್ತ್ರಜ್ಞ ಲ ವೆರಿಯೆ ಗೊಣಗಿದನಂತೆ. ಅದೇ ವರ್ಷ ಬರೀ ಲೆಕ್ಕದ ಬಲದಿಂದ ನೆಪ್ಚೂನ್ ಎಲ್ಲಿದೆ ಎಂದು ಹೇಳಿ ಗೆದ್ದವನು ಇವನೇ. ಹಾಗಾಗಿ ಲೆಕ್ಕ ಹಾಕಿ ಹೊಸ ಲೋಕ ಕಂಡುಹಿಡಿಯುವ ಹುಮ್ಮಸ್ಸು ಆಗ ಎಲ್ಲರಲ್ಲೂ ಇತ್ತು. ಪೆಟಿಯ ತಪ್ಪನ್ನು ಆ ಕಾಲದ ಗಾಳಿಯಲ್ಲಿಟ್ಟು ನೋಡುವುದು ನ್ಯಾಯ.

ಪಂಡಿತರು ಅವನನ್ನು ಮರೆತರು. ಕಾದಂಬರಿಕಾರ ಮರೆಯಲಿಲ್ಲ. ಜೂಲ್ಸ್ ವರ್ನ್ ಚಂದ್ರಯಾನದ ಕಥೆಯಲ್ಲಿ ಪೆಟಿಯ ಈ ಚಂದ್ರನನ್ನೇ ತಂದು, ಫಿರಂಗಿಯಿಂದ ಚಂದ್ರನತ್ತ ಹಾರಿಸಿದ, ಪ್ರಯಾಣಿಕರಿದ್ದ ಗುಂಡಿನ ದಾರಿ ತಪ್ಪಿಸಿಬಿಟ್ಟ. ಆ ಪುಸ್ತಕ ಲೋಕವೆಲ್ಲ ಓದಿತು. ಪೆಟಿಯ ಹೆಸರು ಉಳಿದದ್ದು ಹಾಗೆ.

ಇನ್ನು ನಿಜವಾದ ತಮಾಷೆ 1898ರದ್ದು. ಹ್ಯಾಂಬರ್ಗ್‌ನ ಗೆಯೋರ್ಗ್ ವಾಲ್ಟೆಮಾತ್, ಭೂಮಿಗೆ ಚಿಕ್ಕ ಚಂದ್ರಗಳ ಒಂದು ಗುಂಪೇ ಇದೆ ಎಂದ. ಅದರಲ್ಲಿ ಒಂದರ ವಿವರವನ್ನೂ ಕೊಟ್ಟ. ಅಗಲ 700 ಕಿ.ಮೀ., ದೂರ ಸುಮಾರು 10.3 ಲಕ್ಷ ಕಿ.ಮೀ., 119 ದಿನಕ್ಕೆ ಒಂದು ಸುತ್ತು. ನಮ್ಮ ಚಂದ್ರ ಇರುವುದು ಸರಾಸರಿ 3.84 ಲಕ್ಷ ಕಿ.ಮೀ. ದೂರದಲ್ಲಿ. ವಾಲ್ಟೆಮಾತ್ ಇಷ್ಟಕ್ಕೇ ನಿಲ್ಲಲಿಲ್ಲ, ಫೆಬ್ರವರಿ 2, 3 ಅಥವಾ 4ರಂದು ಅದು ಸೂರ್ಯನ ಮುಂದೆ ಹಾದುಹೋಗುತ್ತದೆ ಎಂದು ತಾರೀಕನ್ನೂ ಹೇಳಿದ.

ಫೆಬ್ರವರಿ 4ರಂದು ಜರ್ಮನಿಯ ಗ್ರೈಫ್ಸ್‌ವಾಲ್ಡ್ ಊರಿನ ಅಂಚೆ ಕಚೇರಿಯಲ್ಲಿ ಹನ್ನೆರಡು ಜನ, ಪೋಸ್ಟ್‌ಮಾಸ್ಟರ್ ಮನೆಯವರೂ ಸೇರಿ, ಬರಿಗಣ್ಣಿನಿಂದ ಸೂರ್ಯನನ್ನು ನೋಡಿದರು. ಕಪ್ಪು ಚುಕ್ಕೆಯೊಂದು ಹಾದುಹೋಯಿತು, ಅದು ಸೂರ್ಯನ ಅಗಲದ ಐದರಲ್ಲಿ ಒಂದು ಭಾಗದಷ್ಟಿತ್ತು ಎಂದರು. ಸುಮ್ನೆ ಒಂದು ಲೆಕ್ಕ ಹಾಕಿ ನೋಡಿ. 10.3 ಲಕ್ಷ ಕಿ.ಮೀ. ದೂರದ 700 ಕಿ.ಮೀ. ಉಂಡೆ, ಸೂರ್ಯಬಿಂಬದ ಹದಿನಾಲ್ಕರಲ್ಲಿ ಒಂದು ಪಾಲಿನಷ್ಟು ಮಾತ್ರ ಕಾಣಬೇಕು. ಅಂದರೆ ಅವರು ಕಂಡದ್ದು ಏನೇ ಆಗಿರಲಿ, ವಾಲ್ಟೆಮಾತ್ ಹೇಳಿದ ಚಂದ್ರನಂತೂ ಅಲ್ಲ. ಅದೇ ಹೊತ್ತಿನಲ್ಲಿ ಯೇನಾ ಮತ್ತು ಪೋಲಾ ಊರುಗಳಲ್ಲಿ ಇಬ್ಬರು ಅನುಭವಿ ವೀಕ್ಷಕರು ದೂರದರ್ಶಕದಲ್ಲಿ ಸೂರ್ಯನನ್ನೇ ನೋಡುತ್ತಿದ್ದರು. ಅವರಿಗೆ ಮಾಮೂಲಿ ಸೂರ್ಯಕಲೆಗಳ ಹೊರತು ಏನೂ ಕಾಣಲಿಲ್ಲ. ಕಥೆ ಅಲ್ಲಿಗೆ ಮುಗಿಯಬೇಕಿತ್ತು, ಅಲ್ವಾ?

ಮುಗಿಯಲಿಲ್ಲ. ಇಪ್ಪತ್ತು ವರ್ಷದ ಮೇಲೆ ಇಂಗ್ಲೆಂಡಿನ ಜ್ಯೋತಿಷಿ ವಾಲ್ಟರ್ ಗೋರ್ನೋಲ್ಡ್ ಅದನ್ನು ಎತ್ತಿಕೊಂಡ. ಗುಪ್ತವಿದ್ಯೆಯ ಆಸಕ್ತರ ಸಂಸ್ಥೆಯಾದ ಥಿಯಾಸಾಫಿಕಲ್ ಸೊಸೈಟಿಯಲ್ಲಿ, ಅದರ ಸ್ಥಾಪಕರಲ್ಲೊಬ್ಬಳಾದ ಬ್ಲಾವಟ್‌ಸ್ಕಿ ಜೊತೆ ಓಡಾಡಿದವನು, ‘ಸೆಫಾರಿಯಲ್’ ಎಂಬ ಹೆಸರಲ್ಲಿ ಬರೆಯುತ್ತಿದ್ದವನು. 1918ರಲ್ಲಿ ಆತ ವಾಲ್ಟೆಮಾತ್‌ನ ಚಂದ್ರನಿಗೆ ‘ಲಿಲಿತ್’ ಎಂದು ಹೆಸರಿಟ್ಟ. ಕಾಣುವುದಿಲ್ಲವಲ್ಲ ಎಂದರೆ ಉತ್ತರ ಸಿದ್ಧವಿತ್ತು: ಅದು ತೀರಾ ಕಪ್ಪು, ಆದ್ದರಿಂದ ಹೆಚ್ಚಿನ ಸಮಯ ಕಾಣುವುದಿಲ್ಲ. ನನಗೆ ಇಲ್ಲೇ ವ್ಯತ್ಯಾಸ ಕಾಣುವುದು. ವಾಲ್ಟೆಮಾತ್ ಎಡವಟ್ಟು ಮನುಷ್ಯನೇ ಇರಬಹುದು, ಆದರೆ ತಾರೀಕು ಕೊಟ್ಟು ಪರೀಕ್ಷೆಗೆ ಕೂತ. ಸೆಫಾರಿಯಲ್ ಪರೀಕ್ಷೆಯ ಬಾಗಿಲನ್ನೇ ಮುಚ್ಚಿದ.

ಹೆಸರಂತೂ ಪಕ್ಕಾ ಆಯ್ಕೆ. ಲಿಲಿತ್ ಯಹೂದಿ ನಂಬಿಕೆಯ ರಾತ್ರಿಯ ಪಿಶಾಚಿ. ಹಳೆಯ ಮೆಸೊಪೊಟೇಮಿಯಾದಲ್ಲಿ ಅವಳಿಂದ ಮನೆ ಕಾಯಲು ಮಂತ್ರ ಬರೆದ ಬಟ್ಟಲುಗಳನ್ನು ಹೂಳುತ್ತಿದ್ದರು. ಮಧ್ಯಯುಗದ ಒಂದು ಕಥೆ ಅವಳನ್ನು ಆದಮನ ಮೊದಲ ಹೆಂಡತಿ ಮಾಡಿತು. ಇಬ್ಬರನ್ನೂ ಒಂದೇ ಮಣ್ಣಿನಿಂದ ಮಾಡಿದ್ದು, ನಿನಗೇಕೆ ತಗ್ಗಬೇಕು ಎಂದು ಕೇಳಿ ಅವಳು ಹೊರಟುಹೋದಳು. 1970ರ ದಶಕದಲ್ಲಿ ಸ್ತ್ರೀವಾದಿಗಳು ಅವಳನ್ನು ತಮ್ಮವಳಾಗಿ ಮಾಡಿಕೊಂಡರು. ಅಮೆರಿಕದಲ್ಲಿ 1976ರಿಂದ ಅವಳ ಹೆಸರಿನ ಪತ್ರಿಕೆಯೇ ಇದೆ.

ಈಗ ಆ್ಯಪ್‌ಗಳಲ್ಲಿ ‘ನಿಮ್ಮ ಲಿಲಿತ್ ಯಾವ ರಾಶಿಯಲ್ಲಿದ್ದಾಳೆ’ ಎಂದು ಕೇಳುತ್ತಾರಲ್ಲ, ಅದು ಸಾಮಾನ್ಯವಾಗಿ ಸೆಫಾರಿಯಲ್‌ನ ಕಪ್ಪು ಉಂಡೆ ಅಲ್ಲ. ನಮ್ಮ ಚಂದ್ರನ ಕಕ್ಷೆಯಲ್ಲಿ ಭೂಮಿಯಿಂದ ಅತಿ ದೂರದ ಬಿಂದು. ಈ ಬಿಂದು ನಮ್ಮವರಿಗೆ ಹೊಸದೇನಲ್ಲ. ಸಿದ್ಧಾಂತಗಳೆಂಬ ನಮ್ಮ ಹಳೆಯ ಖಗೋಳ ಗ್ರಂಥಗಳಲ್ಲಿ ಬರುವ ಚಂದ್ರನ ‘ಮಂದೋಚ್ಚ’ ಇದೇ. ಅವುಗಳಲ್ಲೊಂದಾದ ಸೂರ್ಯಸಿದ್ಧಾಂತದ ಪ್ರಕಾರ ಇಂಥ ಉಚ್ಚಗಳೂ ಪಾತಗಳೂ (ಚಂದ್ರ, ಗ್ರಹಗಳ ದಾರಿ ಸೂರ್ಯನ ದಾರಿಯನ್ನು ದಾಟುವ ಬಿಂದುಗಳು) ಕಣ್ಣಿಗೆ ಕಾಣದ ಕಾಲದ ರೂಪಗಳು, ಗಾಳಿಯ ಹಗ್ಗ ಕಟ್ಟಿ ಗ್ರಹಗಳನ್ನು ಎಳೆಯುತ್ತವೆ. ಕೇಳಲು ಪುರಾಣದಂತಿದೆ. ಆದರೆ ಅದೇ ಗ್ರಂಥ 43,20,000 ವರ್ಷದ ಮಹಾಯುಗದಲ್ಲಿ ಚಂದ್ರೋಚ್ಚ, ಅಂದರೆ ಆ ಬಿಂದು, ಆಕಾಶದಲ್ಲಿ 4,88,203 ಸುತ್ತು ಹಾಕುತ್ತದೆ ಎನ್ನುತ್ತದೆ. ಭಾಗಿಸಿ ನೋಡಿ: ಒಂದು ಸುತ್ತಿಗೆ 8.85 ವರ್ಷ. ಇಂದಿನ ಖಗೋಳಶಾಸ್ತ್ರದ ಅಂಕಿಯೂ ಅದೇ. ಕಾಣದ್ದನ್ನು ನಂಬುವುದರಲ್ಲೂ ಎರಡು ಬಗೆ ಇದೆ ನೋಡಿ. ಈ ಕಾಣದ ಬಿಂದು ಚಂದ್ರ ಯಾವತ್ತು ಎಲ್ಲಿರುತ್ತಾನೆ ಎಂದು ಹೇಳಲು ಬೇಕು, ತಪ್ಪಿದರೆ ಆಕಾಶವೇ ಹೇಳುತ್ತದೆ.

ವಿಜ್ಞಾನಿಗಳೂ ಹುಡುಕಾಟ ಬಿಟ್ಟಿರಲಿಲ್ಲ. ಪ್ಲೂಟೊ ಕಂಡುಹಿಡಿದ ಕ್ಲೈಡ್ ಟಾಂಬಾ 1950ರ ದಶಕದಲ್ಲಿ ಅಮೆರಿಕದ ಸೇನೆಗಾಗಿ ಭೂಮಿಯ ಚಿಕ್ಕ ಚಂದ್ರಗಳನ್ನು ಹುಡುಕಿದ. ಒಂದೂ ಸಿಗಲಿಲ್ಲ.

ಸಿಕ್ಕಿದ್ದು ಬೇರೆಯೇ ಜಾತಿಯವು, ಬಂದು ಹೋಗುವ ನೆಂಟರು. 2006 ಆರ್‌ಎಚ್120 ಎಂಬ ಕೆಲವೇ ಮೀಟರ್ ಅಗಲದ ಬಂಡೆ 2006–07ರಲ್ಲಿ ಸುಮಾರು ಒಂದು ವರ್ಷ ಭೂಮಿಯನ್ನು ಸುತ್ತಿ ಹೋಯಿತು. 2024ರಲ್ಲಿ ಸದ್ದು ಮಾಡಿದ 2024 ಪಿಟಿ5 ಬಂಡೆಯನ್ನು ದಕ್ಷಿಣ ಆಫ್ರಿಕಾದ ದೂರದರ್ಶಕ ಆಗಸ್ಟ್ 7ರಂದು ಗುರುತಿಸಿತ್ತು. ಸೆಪ್ಟೆಂಬರ್ 29ರಿಂದ ನವೆಂಬರ್ 25ರವರೆಗೆ ಭೂಮಿಯ ಸೆಳೆತದಲ್ಲಿರುತ್ತದೆ ಎಂದು ಮೊದಲೇ ಹೇಳಿದ್ದರು. ಪೂರ್ತಿ ಒಂದು ಸುತ್ತನ್ನೂ ಅದು ಹಾಕಲಿಲ್ಲ. ಭೂಮಿಯಂಥದೇ ಕಕ್ಷೆಯಲ್ಲಿ ಸೂರ್ಯನನ್ನು ಸುತ್ತುವ ಇಂಥ ಬಂಡೆಗಳ ಗುಂಪಿಗೆ ಖಗೋಳಶಾಸ್ತ್ರಜ್ಞರು ಇಟ್ಟ ಹೆಸರು ‘ಅರ್ಜುನ’. ಮಹಾಭಾರತದವನೇ.

ಇನ್ನೊಂದು ಬಗೆಯವು ಭೂಮಿಯನ್ನಲ್ಲ, ಸೂರ್ಯನನ್ನೇ ಸುತ್ತುತ್ತವೆ, ಆದರೆ ಭೂಮಿಯ ಜೊತೆಜೊತೆಗೇ ಸಾಗುತ್ತವೆ. 2016ರಲ್ಲಿ ಹವಾಯಿಯಿಂದ ಕಂಡ ಕಾಮೊಓಆಲೆವಾ ಅಂಥದ್ದು. ಅದರಿಂದ ಬರುವ ಬೆಳಕು ಚಂದ್ರನ ಕಲ್ಲಿನ ಬೆಳಕನ್ನೇ ಹೋಲುತ್ತದೆ. ಯಾವುದೋ ಹಳೆಯ ಹೊಡೆತಕ್ಕೆ ಚಂದ್ರನಿಂದ ಸಿಡಿದ ಚೂರು ಇರಬಹುದು ಎಂಬ ಗುಮಾನಿ ಅದಕ್ಕೇ. ಚೀನಾದ ತಿಯಾನ್‌ವೆನ್-2 ನೌಕೆ 2025ರ ಮೇ ತಿಂಗಳಲ್ಲಿ ಅದರತ್ತ ಹೊರಟಿತು. ಅಲ್ಲಿನ ಮಣ್ಣನ್ನು ಭೂಮಿಗೆ ತರುವುದು ಅದರ ಕೆಲಸ.